ಒಬ್ಬನೇ ಸಾಕ್ಷಿಯಾದರೆ ಕೊಲೆ ಕೇಸು ನಿಲ್ಲಲ್ವಾ? ಒಂದು ಸ್ಪಷ್ಟನೆ

ಡೊಂಬಿವಲಿ, ಮುಲುಂಡ್ ಕಡೆಯ ನಮ್ಮ ಕನ್ನಡ ವಾಟ್ಸಾಪ್ ಗುಂಪುಗಳಲ್ಲಿ ಒಂದು ಮೆಸೇಜ್ ಓಡಾಡುತ್ತಿದೆ: "ಕಣ್ಣಾರೆ ಕಂಡವನು ಒಬ್ಬನೇ ಆದರೆ ಬಾಂಬೆ ಹೈಕೋರ್ಟ್ ಕೊಲೆ ಶಿಕ್ಷೆ ರದ್ದು ಮಾಡುತ್ತದೆ. 302 ಹೋಗಿ 304 ಆದರೆ ಬಿಡುಗಡೆ." (ಹಳೆಯ ಭಾರತೀಯ ದಂಡ ಸಂಹಿತೆಯಲ್ಲಿ 302 ಅಂದರೆ ಕೊಲೆಗೆ ಶಿಕ್ಷೆಯ ಕಲಂ, 304 ಅಂದರೆ ಕೊಲೆ ಎನಿಸದ ನರಹತ್ಯೆಗೆ ಶಿಕ್ಷೆಯ ಕಲಂ.) ಈ ಎರಡೂ ಮಾತು ತಪ್ಪು. ಇದನ್ನು ನಂಬಿ ಯಾರಾದರೂ ಸಾಕ್ಷಿ ಹೇಳಲು ಹಿಂಜರಿದರೆ ಅನ್ಯಾಯ ಅಲ್ವಾ?

ಇಷ್ಟೇ ಸಾಕ್ಷಿ ಬೇಕೆಂಬ ಲೆಕ್ಕ ಕಾನೂನಿನಲ್ಲಿಲ್ಲ. ಪೂರ್ತಿ ನಂಬುವಂಥ ಒಬ್ಬನ ಮಾತು ಸಾಕು ಎಂದು ಸುಪ್ರೀಂ ಕೋರ್ಟ್ 1957ರಲ್ಲೇ, ವಡಿವೇಲು ತೇವರ್ ಕೇಸಿನಲ್ಲಿ ಹೇಳಿದೆ. ಅರೆಬರೆ ನಂಬಿಕೆಯಾದರೆ ಬೇರೆ ಆಧಾರ ಬೇಕು. ಮೇಲ್ಮನವಿಯಲ್ಲಿ ಇದನ್ನೇ ಜಾಲಾಡುತ್ತಾರೆ: ಅಲ್ಲಿ ಬೆಳಕಿತ್ತಾ, ಎಷ್ಟು ದೂರದಿಂದ ನೋಡಿದ, ಪೊಲೀಸರಿಗೆ ಮೊದಲು ಏನು ಹೇಳಿದ್ದ, ಗಾಯ ಅವನ ಮಾತಿಗೆ ಹೊಂದುತ್ತಾ. ಸತ್ತವನ ತಮ್ಮ ಅನ್ನೋ ಒಂದೇ ಕಾರಣಕ್ಕೆ ಸಾಕ್ಷಿಯನ್ನು ಸುಮ್ನೆ ತಳ್ಳಿಹಾಕುವಂತಿಲ್ಲ.

ಇನ್ನು ಉದ್ದೇಶ. ಯಾವ ಆಯುಧ, ಏಟು ಎಲ್ಲಿಗೆ, ಹೊಂಚು ಹಾಕಿದ್ದನಾ ಅಂತ ನೋಡುತ್ತಾರೆ. ನಲ್ಲಿ ನೀರಿನ ಜಗಳ ದಿಢೀರನೆ ಏರಿ, ಕೈಗೆ ಸಿಕ್ಕ ದೊಣ್ಣೆಯಿಂದ ಹೊಡೆದಿದ್ದರೆ 304 ಆಗಬಹುದು. ಹಾಗಂತ ಒಂದೇ ಏಟು ಎಂದರೆ ಕೊಲೆಯಲ್ಲ ಅಂತೇನಿಲ್ಲ. 304ರಲ್ಲೂ ಜೀವಾವಧಿವರೆಗೆ ಶಿಕ್ಷೆಯಿದೆ. 2024ರ ಜುಲೈ 1ರಿಂದಾಚೆಗಿನ ಅಪರಾಧಗಳಿಗೆ ಈ ಕಲಂಗಳು ಹೊಸ ಭಾರತೀಯ ನ್ಯಾಯ ಸಂಹಿತೆಯ 103 ಮತ್ತು 105.