473 ರೂಪಾಯಿಯ ಸಿಹಿಸುದ್ದಿ

ಡಿಸೆಂಬರಿನಲ್ಲಿ ಮತ್ತೊಂದು ಸಿಹಿಸುದ್ದಿ ಬಂತು, ನೋಡಿಯೇ ಇರುತ್ತೀರಿ. ರಿಸರ್ವ್ ಬ್ಯಾಂಕು ರೆಪೋ ದರವನ್ನು, ಅಂದರೆ ತಾನು ಬ್ಯಾಂಕುಗಳಿಗೆ ಕೊಡುವ ಸಾಲದ ಬಡ್ಡಿಯನ್ನು, ಕಾಲು ಪರ್ಸೆಂಟ್ ಇಳಿಸಿ 5.25 ಮಾಡಿತು. ಅದು ಇಳಿದರೆ ನಮ್ಮ ಮನೆಸಾಲದ ಬಡ್ಡಿಯೂ ಇಳಿಯುತ್ತದೆ ಅಂತ ಲೆಕ್ಕ. 2025ರ ಒಂದೇ ವರ್ಷದಲ್ಲಿ ಇದು ನಾಲ್ಕನೇ ಸಲ. ಇಳಿದಾಗಲೆಲ್ಲ ಟೀವಿಯವರಿಗೆ ಸಿಗುವ ಪದ ಒಂದೇ, ಬಂಪರ್. ತೋರಿಸುವ ಚಿತ್ರವೂ ಒಂದೇ: ಗಂಡ, ಹೆಂಡತಿ, ನಡುವೆ ಹಲ್ಲು ಬಿಡುವ ಮಗು, ಅಂಗೈ ಮೇಲೊಂದು ಆಟಿಕೆ ಮನೆ, ಅದಕ್ಕೆ ಕೆಂಪು ಹಂಚಿನ ಮಾಡು. ಶಿವಮೊಗ್ಗದ ಹೊಸ ಬಡಾವಣೆಗಳಲ್ಲಿ ಕೆಂಪು ಹಂಚಿನ ಮಾಡು ಉಳಿದಿರುವುದು ಬಹುಶಃ ಈ ಚಿತ್ರದಲ್ಲಿ ಮಾತ್ರ. ಆ ವಿಷಯಕ್ಕೆ ಆಮೇಲೆ ಬರೋಣ.

ಬಂಪರ್ ಎಷ್ಟು ಅಂತ ಮೊದಲು ನೋಡುವ. 30 ಲಕ್ಷ ಸಾಲ, 20 ವರ್ಷ, ಬಡ್ಡಿ ಎಂಟೂವರೆ ಅಂತ ಇಟ್ಟುಕೊಳ್ಳಿ. ಕಂತು 26,035 ರೂಪಾಯಿ. ಬಡ್ಡಿ ಎಂಟೂಕಾಲಿಗೆ ಇಳಿದರೆ ಕಂತು 25,562. ತಿಂಗಳಿಗೆ ಉಳಿದದ್ದು 473 ರೂಪಾಯಿ. ಗಾಂಧಿ ಬಜಾರಿನಲ್ಲಿ ಒಂದು ಕೈಚೀಲ ತರಕಾರಿ, ಮೇಲೆ ಎರಡು ಮೊಳ ಹೂವು.

ಅದೂ ಕೈಗೆ ಬರುವುದು ಕಷ್ಟ. ಎಷ್ಟೋ ಬ್ಯಾಂಕುಗಳು ದರ ಇಳಿದಾಗ ಕಂತನ್ನು ಹಾಗೇ ಬಿಟ್ಟು ಅವಧಿ ಕಡಿಮೆ ಮಾಡುತ್ತವೆ. ಇದಕ್ಕೆ ಮಾತ್ರ ಕೌಂಟರಿನ ಮುಂದೆ ಗಲಾಟೆ ಮಾಡಬೇಡಿ. ಕಂತು 26,035 ಇದ್ದಂತೆಯೇ ಇದ್ದರೆ ಸಾಲ ಹತ್ತೂವರೆ ತಿಂಗಳು ಮುಂಚೆ ಮುಗಿಯುತ್ತದೆ, ಹತ್ತಿರ ಹತ್ತಿರ 2.8 ಲಕ್ಷ ಉಳಿಯುತ್ತದೆ. 473 ಅನ್ನು 240 ತಿಂಗಳಿಗೆ ಗುಣಿಸಿದರೆ ಬರುವುದು 1,13,520. ಸಿಹಿ ಇದ್ದದ್ದು ಅವಧಿಯಲ್ಲಿ, ಟೀವಿ ನೆಕ್ಕಿಸಿದ್ದು ಕಂತಿನಲ್ಲಿ.

ಈ ಕಂತು ಅನ್ನುವ ಮಾತೇ ದೊಡ್ಡ ಪ್ರತಿಭೆಯ ಕೆಲಸ. ಬ್ಯಾಂಕಿನಲ್ಲಿ ಕೂರಿಸಿ ಕೇಳುವ ಪ್ರಶ್ನೆ ಗಮನಿಸಿ: "ಹೆಗಡೇರೆ, ತಿಂಗಳಿಗೆ ಎಷ್ಟು ಕಟ್ಟಕ್ಕಾಗುತ್ತೆ ಹೇಳಿ, ನಾವು ಅಡ್ಜಸ್ಟ್ ಮಾಡಿ ಕೊಡ್ತೀವಿ." ಎಷ್ಟು ಔದಾರ್ಯ! ಸೊಪ್ಪು ಮಾರುವ ಅಜ್ಜಿ ಹತ್ತಿರ "ಒಟ್ಟು ಎಷ್ಟಾಯ್ತೇ" ಅಂತ ಮೂರು ಸಲ ಕೇಳುವ ಹೆಗಡೇರು ಇಲ್ಲಿ ಒಟ್ಟು ಕೇಳುವುದಿಲ್ಲ. ಕೇಳಿದ್ದರೆ ಉತ್ತರ 62 ಲಕ್ಷದ 48 ಸಾವಿರ. 30 ಲಕ್ಷ ಅಸಲು, 32 ಲಕ್ಷ 48 ಸಾವಿರ ಬಡ್ಡಿ. ಮನೆ ಒಂದು, ಬಿಲ್ಲು ಎರಡು.

"ಇಪ್ಪತ್ತಾರು ಸ್ವಲ್ಪ ಜಾಸ್ತಿ ಆಯ್ತಲ್ಲ ಸಾರ್" ಅಂತ ರಾಗ ಎಳೆದರೆ ಮ್ಯಾನೇಜರರ ಔದಾರ್ಯ ಇನ್ನೂ ಉಕ್ಕುತ್ತದೆ. "ಮೂವತ್ತು ವರ್ಷ ಮಾಡೋಣ ಬಿಡಿ." ಕಂತು 23,067ಕ್ಕೆ ಇಳಿಯಿತು, 2,968 ರೂಪಾಯಿ ಹಗುರ. ಒಟ್ಟು ಮಾತ್ರ 83 ಲಕ್ಷ ದಾಟಿತು. ತಿಂಗಳಿಗೆ ಮೂರು ಸಾವಿರ ಕಡಿಮೆ ಮಾಡಿಸಿಕೊಂಡದ್ದಕ್ಕೆ ದಕ್ಷಿಣೆ 20 ಲಕ್ಷಕ್ಕೂ ಮೇಲೆ. ಅದೇ ಸಾಲವನ್ನು 15 ವರ್ಷಕ್ಕೆ ಮಾಡಿದ್ದರೆ ಕಂತು 29,542, ಬಡ್ಡಿ 23 ಲಕ್ಷ ಚಿಲ್ಲರೆ. ಇದನ್ನು ಯಾರೂ ಬೋರ್ಡಿಗೆ ಹಾಕುವುದಿಲ್ಲ.

ಮೊದಲ ತಿಂಗಳು ಕಟ್ಟಿದ 26,035ರಲ್ಲಿ ಬಡ್ಡಿಗೆ ಹೋಗುವುದು 21,250. ಅಸಲಿಗೆ ಬೀಳುವುದು 4,785. ಬಡ್ಡಿ ಲೆಕ್ಕ ಹಾಕುವುದು ಉಳಿದಿರುವ ಅಸಲಿನ ಮೇಲೆ, ಮೊದಮೊದಲು ಅಸಲು ಬೆಟ್ಟದಷ್ಟಿರುತ್ತದೆ, ಇದರಲ್ಲಿ ಕಳ್ಳಲೆಕ್ಕ ಏನೂ ಇಲ್ಲ. ಆದರೆ ಹತ್ತು ವರ್ಷ ಒಂದು ಕಂತೂ ತಪ್ಪಿಸದೆ 31 ಲಕ್ಷ 24 ಸಾವಿರ ಕಟ್ಟಿದ ಮೇಲೆ ಬಾಕಿ ಎಷ್ಟು ಅಂತ ನೋಡಿದರೆ ಇನ್ನೂ 21 ಲಕ್ಷ! ಅರ್ಧ ದಾರಿ ಬಂದೆವು ಅಂದುಕೊಂಡವರು ಆಗುಂಬೆ ಘಾಟಿಯ ಎರಡನೇ ತಿರುವಿನಲ್ಲಿ ನಿಂತಿರುತ್ತಾರೆ.

ಈಗ ಆ ಮಾಡಿನ ವಿಷಯ. ಮಲೆನಾಡಿನಲ್ಲಿ ಮನೆ ಅಂದರೆ ಜಂಬಿಟ್ಟಿಗೆ ಗೋಡೆ, ಇಳಿಜಾರು ಹಂಚಿನ ಮಾಡು ಅಂತ ಇತ್ತು. ಮಳೆ ಬಿದ್ದರೆ ಜಾರಿ ಹೋಗುತ್ತಿತ್ತು, ಎಲ್ಲಾದರೂ ಸೋರಿದರೆ ಒಂದು ಹಂಚು ಸರಿಸಿದರೆ ಮುಗಿಯಿತು. ಈಗ ಬೆಂಗಳೂರಿನ ಪ್ಲಾನ್ ತಂದು ಚಪ್ಪಟೆ ಆರ್‌ಸಿಸಿ ತಾರಸಿ ಹಾಕುತ್ತೇವೆ. ಮೂರು ಮಳೆಗಾಲ ಕಳೆದ ಮೇಲೆ ಮೂಲೆಯಲ್ಲಿ ಪಾಚಿ, ಮಲಗುವ ಕೋಣೆಯ ಗೋಡೆಯಲ್ಲಿ ಭೂಪಟ. ವಾಟರ್‌ಪ್ರೂಫಿಂಗ್ ಅಂತ ಬಿಳಿ ಬಣ್ಣ ಬಳಿಯುವವರು ಬಂದು ಹೋಗುತ್ತಾರೆ. ಕೊನೆಗೆ ಬರುವವನು ಫ್ಯಾಬ್ರಿಕೇಶನ್‌ನವನು: ಕಬ್ಬಿಣದ ಟ್ರಸ್ ಎಬ್ಬಿಸಿ, ಆರ್‌ಸಿಸಿ ಮೇಲೆ ಇಳಿಜಾರಾಗಿ ತಗಡಿನ ಶೀಟು. ಅಂದರೆ ಸಾಲ ತಂದು ಕಟ್ಟಿದ ಮನೆಗೆ ಛತ್ರಿ ಹಿಡಿಯಲು ಇನ್ನೊಂದು ಸಾಲ. ಜಗತ್ತಿನಲ್ಲಿ ಮಾಡಿಗೇ ಮಾಡು ಕಟ್ಟಿದ ಜನ ನಾವು. ಬ್ಯಾಂಕಿಗೆ ಕೊಟ್ಟ ಎಸ್ಟಿಮೇಟಿನಲ್ಲಿ ಈ ಛತ್ರಿ ಇರುವುದಿಲ್ಲ. ತಂತಿಬೇಲಿ, ಗೇಟು, ಬಾವಿ, ಕರೆಂಟಿನ ಡಿಪಾಸಿಟ್ಟು, ಯಾವುದೂ ಇರುವುದಿಲ್ಲ. ಮೇಸ್ತ್ರಿ ಮಾತ್ರ ಇರುತ್ತಾನೆ, ಅವನೂ ಅಡಿಕೆ ಕೊಯ್ಲು ಶುರು ಆಯಿತು ಅಂದರೆ ಇರುವುದಿಲ್ಲ.

ಕಟ್ಟುವಾಗಿನ ಬಡ್ಡಿಯೂ ಎಸ್ಟಿಮೇಟಿನಲ್ಲಿ ಇಲ್ಲ. ಸಾಲ ಒಂದೇ ಗಂಟಾಗಿ ಬರುವುದಿಲ್ಲವಲ್ಲ. ಪಾಯಕ್ಕಿಷ್ಟು, ಲಿಂಟಲ್‌ಗಿಷ್ಟು, ಸ್ಲ್ಯಾಬಿಗಿಷ್ಟು. ಪ್ರತಿ ಹಂತಕ್ಕೂ ಬ್ಯಾಂಕಿನ ಎಂಜಿನಿಯರ್ ಬಂದು ಫೋಟೋ ಹೊಡೆಯಬೇಕು. ಅಲ್ಲಿಯವರೆಗೆ ಕೊಟ್ಟ ದುಡ್ಡಿನ ಮೇಲೆ ಬರೀ ಬಡ್ಡಿ ಕಟ್ಟುತ್ತಿರಬೇಕು, ಪ್ರಿ-ಇಎಂಐ ಅಂತ ಅದರ ಹೆಸರು. ಮೇ ಕೊನೆಗೆ ಸ್ಲ್ಯಾಬ್ ಬೀಳದಿದ್ದರೆ ಜೂನಿನಿಂದ ಸೆಪ್ಟೆಂಬರ್ ತನಕ ಮಳೆ ಎಣಿಸುವುದೇ ಕೆಲಸ. 15 ಲಕ್ಷ ಬಿಡುಗಡೆಯಾಗಿದ್ದರೆ ತಿಂಗಳಿಗೆ 10,625. ಮಳೆ, ಮೇಸ್ತ್ರಿ ಎಲ್ಲ ಸೇರಿ ಎಂಟು ತಿಂಗಳು ನಿಂತರೆ 85,000 ರೂಪಾಯಿ, ಅಸಲಿಗೆ ಒಂದು ಪೈಸೆಯೂ ಸಂದಾಯವಿಲ್ಲ. ಜೊತೆಗೆ ಇರುವ ಮನೆಯ ಬಾಡಿಗೆ. ಬೀಮು ತೋಯುತ್ತಿರುತ್ತದೆ, ಬಡ್ಡಿಗೆ ಮಾತ್ರ ಯಾವ ಮಳೆಯೂ ತಾಗುವುದಿಲ್ಲ.

ಸೈಟಿನ ಕಥೆ ಚಿಕ್ಕದು. 2023ರ ಫೆಬ್ರವರಿಯಲ್ಲಿ ಸೋಗಾನೆಯಲ್ಲಿ ವಿಮಾನ ನಿಲ್ದಾಣ ಉದ್ಘಾಟನೆಯಾದ ಮೇಲೆ ಜಿಲ್ಲೆಯ ಎಲ್ಲ ಸೈಟುಗಳೂ ಅಲ್ಲಿಂದ ಹತ್ತೇ ನಿಮಿಷದ ದಾರಿ. 2025ರ ಆಗಸ್ಟ್ 31ರಿಂದ ನೋಂದಣಿ ಶುಲ್ಕ ನೂರಕ್ಕೆ 1 ಇದ್ದದ್ದು 2 ಆಯಿತು. ಸ್ಟಾಂಪ್ ಡ್ಯೂಟಿ, ಸೆಸ್ಸು, ಸರ್‌ಚಾರ್ಜು ಸೇರಿಸಿದರೆ ಏಳೂವರೆ ದಾಟುತ್ತದೆ. 30 ಲಕ್ಷದ ಸೈಟಿಗೆ ಎರಡೂಕಾಲು ಲಕ್ಷಕ್ಕಿಂತ ಹೆಚ್ಚು. ಇದಕ್ಕೆ ಸಾಮಾನ್ಯವಾಗಿ ಗೃಹಸಾಲ ಸಿಗುವುದಿಲ್ಲ, ಕೈಯಿಂದ ಹಾಕಬೇಕು. ಕೈಯಲ್ಲಿ ಇಲ್ಲದಿದ್ದರೆ ಹೆಂಡತಿಯ ಕುತ್ತಿಗೆಯಲ್ಲಿ ಇರುತ್ತದೆ.

ಇನ್ನು ವಿಮೆ. ಸಾಲದ ಕಾಗದಗಳಿಗೆ ಐವತ್ತು ಸಹಿ ಹಾಕಿಸುವಾಗ ನಡುವೆ ಒಂದು ಹಾಳೆ ಬರುತ್ತದೆ. "ಇದು ಲೋನಿಗೆ ಇನ್ಶೂರೆನ್ಸ್ ಸಾರ್, ನೀವು ಹೋದ್ರೂ ಮನೆಯವ್ರಿಗೆ ತೊಂದ್ರೆ ಇಲ್ಲ." ಎಷ್ಟು ಕಾಳಜಿ! ಒಂದು ಲಕ್ಷದ ಪ್ರೀಮಿಯಂ, ಒಂದೇ ಸಲ, ಅದೂ ಕೈಯಿಂದ ಬೇಡ, ಸಾಲಕ್ಕೇ ಸೇರಿಸುತ್ತಾರೆ. 20 ವರ್ಷಕ್ಕೆ ಆ ಒಂದು ಲಕ್ಷ 2.08 ಲಕ್ಷ ಆಗುತ್ತದೆ. ಸಾಲ ಇಳಿದ ಹಾಗೆ ವಿಮೆಯ ಮೊತ್ತವೂ ಇಳಿಯುವ ಪಾಲಿಸಿಯೇ ಹೆಚ್ಚು. ಇದು ಕಡ್ಡಾಯವಲ್ಲ, ದುಡಿಯುವವರಿಗೆ ವಿಮೆ ಬೇಕು ನಿಜ, ಬೇರೆ ಕಡೆ ಟರ್ಮ್ ಪಾಲಿಸಿ (ಸತ್ತರೆ ಮಾತ್ರ ದುಡ್ಡು ಬರುವ ವಿಮೆ) ಕೇಳಿ ದರ ಹೋಲಿಸಬಹುದು. ಕಡ್ಡಾಯವೇ ಅಂತ ಬರೆದು ಕೊಡಿ ಅಂದರೆ ಆ ಹಾಳೆ ಕಟ್ಟಿನಿಂದ ತಾನಾಗಿಯೇ ಮಾಯವಾಗುತ್ತದೆ.

ತೆರಿಗೆ ಉಳಿಯುತ್ತದೆ ಅನ್ನುವ ಭಾವನವರು ಪ್ರತಿ ಮನೆಯಲ್ಲೂ ಒಬ್ಬರಿರುತ್ತಾರೆ. ನಮ್ಮ ಸಾಲಕ್ಕೆ ಮೊದಲ ವರ್ಷದ ಬಡ್ಡಿಯೇ ಎರಡೂವರೆ ಲಕ್ಷ. ವಾಸದ ಮನೆಗೆ ಹಳೇ ಪದ್ಧತಿಯಲ್ಲಿ ವಿನಾಯಿತಿ ಎರಡು ಲಕ್ಷಕ್ಕೆ ಸೀಮಿತ, ಹೊಸ ಪದ್ಧತಿಯಲ್ಲಿ ಅದೂ ಇಲ್ಲ. ಭಾವನವರಿಗೆ ಇನ್ನೊಂದು ಲೋಟ ಕಾಫಿ ಕೊಡಿ.

ನಿಜವಾದ ಕಹಿಸುದ್ದಿ ಬಂದದ್ದು 2022ರಲ್ಲಿ. ಆಗ ಮಾತ್ರ ಬಂಪರ್‌ನವರು ನಾಪತ್ತೆ. ಕೋವಿಡ್ ಕಾಲಕ್ಕೆ 4.00ಕ್ಕೆ ಇಳಿದಿದ್ದ ರೆಪೋ ದರ, 2022ರ ಮೇ ತಿಂಗಳಿನಿಂದ 2023ರ ಫೆಬ್ರವರಿಯೊಳಗೆ 6.50 ಆಯಿತು. ಹೊಸ ಫ್ಲೋಟಿಂಗ್, ಅಂದರೆ ಬಡ್ಡಿ ಏರಿಳಿಯುವ, ಗೃಹಸಾಲಗಳಿಗೆ ಬ್ಯಾಂಕುಗಳು ಹೊರಗಿನ ದರವೊಂದನ್ನು ಗಂಟು ಹಾಕಬೇಕು ಅನ್ನುವ ನಿಯಮ 2019ರ ಅಕ್ಟೋಬರಿನಿಂದ ಇದೆ. ಹೆಚ್ಚಿನವರು ಗಂಟು ಹಾಕಿದ್ದು ರೆಪೋ ದರಕ್ಕೇ, ಹಾಗಾಗಿ ಎರಡೂವರೆ ಪರ್ಸೆಂಟೂ ನೇರ ಬಂದು ಕೂತಿತು. 7 ಪರ್ಸೆಂಟಿಗೆ 30 ಲಕ್ಷ ತೆಗೆದವರ ಕಂತು 23,259. ಒಂದೂವರೆ ವರ್ಷ ಕಟ್ಟಿದ ಮೇಲೆ ಬಡ್ಡಿ ಒಂಬತ್ತೂವರೆ ಆಯಿತು ಅನ್ನಿ. ಬಾಕಿ 28.9 ಲಕ್ಷದ ಮೇಲೆ ತಿಂಗಳ ಬಡ್ಡಿಯೇ 22,887. ಅಸಲಿಗೆ ಬೀಳುವುದು 372 ರೂಪಾಯಿ! ಕಂತು ಬದಲಿಸದೆ ಹಾಗೇ ಎಳೆದರೆ ಉಳಿದ ಹದಿನೆಂಟೂವರೆ ವರ್ಷದ ಸಾಲ 43 ವರ್ಷ ದಾಟುತ್ತದೆ. ಬ್ಯಾಂಕು ಅಷ್ಟು ದೂರ ಬಿಡುವುದಿಲ್ಲ, ನಿವೃತ್ತಿ ವಯಸ್ಸು ನೋಡಿ ಎಲ್ಲೋ ತಡೆದು ಕಂತು ಏರಿಸುತ್ತದೆ. ಆದರೆ ಎಷ್ಟೋ ಜನರಿಗೆ ಅವಧಿ ಎಳೆದದ್ದೇ ಗೊತ್ತಾಗಲಿಲ್ಲ. ಕಂತು ಅಷ್ಟೇ ಇದೆಯಲ್ಲ, ದೇವರು ದೊಡ್ಡವನು ಅಂದುಕೊಂಡರು.

ಗದ್ದಲ ಜೋರಾದ ಮೇಲೆ ರಿಸರ್ವ್ ಬ್ಯಾಂಕು 2023ರ ಆಗಸ್ಟ್ 18ರಂದು ಸುತ್ತೋಲೆ ಹೊರಡಿಸಿತು. ದರ ಏರಿದಾಗ ಕಂತು ಏರಿಸಬೇಕೋ, ಅವಧಿ ಎಳೆಯಬೇಕೋ, ಎರಡೂ ಸ್ವಲ್ಪಸ್ವಲ್ಪವೋ ಅಂತ ಸಾಲಗಾರನನ್ನು ಕೇಳಬೇಕು. ಮೂರು ತಿಂಗಳಿಗೊಮ್ಮೆ ಇದುವರೆಗೆ ವಸೂಲಾದ ಅಸಲು, ಬಡ್ಡಿ, ಉಳಿದ ಕಂತುಗಳ ಸಂಖ್ಯೆ ತಿಳಿಸಬೇಕು. ತಿಳಿಸುತ್ತಾರೆ, ಖಂಡಿತ. ಆ್ಯಪಿನಲ್ಲಿ ಎಲ್ಲೋ ಒಂದು ಮೂಲೆಯಲ್ಲಿ, ನೆಟ್‌ವರ್ಕ್‌ಗಾಗಿ ಗುಡ್ಡ ಹತ್ತಬೇಕಾದ ಊರಿನವರಿಗೆ ಇಂಗ್ಲಿಷಿನಲ್ಲಿ.

ಹೊಸ ಗಿರಾಕಿಗೆ ಬಾಗಿಲಲ್ಲೇ ಏಳೂವರೆಯ ಬೋರ್ಡು, ಹಳೇ ಗಿರಾಕಿಗೆ ಒಳಗೆ ಎಂಟೂವರೆ, ಇದೂ ಈ ಮನೆಯ ಪದ್ಧತಿಯೇ. ಒಂದು ಪರ್ಸೆಂಟಿನ ವ್ಯತ್ಯಾಸ 30 ಲಕ್ಷಕ್ಕೆ 20 ವರ್ಷದಲ್ಲಿ ನಾಲ್ಕೂವರೆ ಲಕ್ಷ ಹತ್ತಿರ. ಅರ್ಜಿ ಬರೆದು, ಬದಲಾವಣೆಯ ಶುಲ್ಕ ಕಟ್ಟಿದರೆ ಇಳಿಸುತ್ತಾರೆ. ಕೇಳದವರಿಗೆ ಇಳಿಸುವುದಿಲ್ಲ. ನಿಷ್ಠೆಗೆ ಬಡ್ಡಿ ಹಾಕುವ ವ್ಯಾಪಾರ ಇದೊಂದೇ ಇರಬೇಕು, ಅಡಿಕೆ ಮಂಡಿಯಲ್ಲೂ ಹಳೇ ರೈತನಿಗೆ ಒಂದು ಲೋಟ ಚಾ ಕೊಡುತ್ತಾರೆ.

ಮಂಡಿ ಅಂದ ಮೇಲೆ ನೆನಪಾಯಿತು. ಅಡಿಕೆ ಮರ ವರ್ಷಕ್ಕೊಮ್ಮೆ ದುಡ್ಡು ಕೊಡುತ್ತದೆ, ಕಂತು ತಿಂಗಳಿಗೊಮ್ಮೆ ಕೇಳುತ್ತದೆ. ಬೋರ್ಡೋ ಔಷಧಿ ಹೊಡೆದರೂ ಕೊಳೆರೋಗ ಬರುವ ವರ್ಷ ಬರುತ್ತದೆ, ಈಗ ಎಲೆಚುಕ್ಕಿ ರೋಗ ಬೇರೆ. ಆಷಾಢದಲ್ಲಿ ಕಂತು ತಪ್ಪಬಾರದೆಂದು ಮಂಡಿಯಿಂದ ಮುಂಗಡ ತಂದು ಬ್ಯಾಂಕಿಗೆ ಕಟ್ಟುವುದು, ಫಸಲು ಬಂದಾಗ ಮಂಡಿಯ ಬಾಕಿ ಮುರಿದುಕೊಂಡು ಉಳಿದದ್ದನ್ನು ತರುವುದು. ಎರಡೂ ಕಡೆ ಬಡ್ಡಿ. ಬುದ್ಧಿವಂತರು ಮಾಡುವುದು ಇದು: ರಾಶಿ ಅಡಿಕೆ ಮಾರಿದ ದಿನವೇ ಆರು ಕಂತಿನಷ್ಟು ಬೇರೆ ಇಟ್ಟು, ಮಿಕ್ಕರೆ ಅಸಲಿಗೆ ಹಾಕುವುದು. ವರ್ಷಕ್ಕೆ ಒಂದೇ ಒಂದು ಕಂತು ಹೆಚ್ಚಿಗೆ ಅಸಲಿಗೆ ಬಿದ್ದರೂ 20 ವರ್ಷದ ಸಾಲ 16 ವರ್ಷ 8 ತಿಂಗಳಿಗೆ ಮುಗಿಯುತ್ತದೆ, 6 ಲಕ್ಷ ಬಡ್ಡಿ ಉಳಿಯುತ್ತದೆ. ವಾಸದ ಮನೆಗೆಂದು ತೆಗೆದ ಫ್ಲೋಟಿಂಗ್ ಸಾಲಕ್ಕೆ ಮುಂಗಡ ಕಟ್ಟಿದರೆ ದಂಡ ಹಾಕುವಂತಿಲ್ಲ. ಕಟ್ಟುವಾಗ ಮಾತ್ರ "ಅಸಲಿಗೆ ಹಾಕಿ, ಕಂತು ಇಳಿಸಬೇಡಿ, ಅವಧಿ ಇಳಿಸಿ" ಅಂತ ಬರೆದು ಕೊಟ್ಟು ಸೀಲು ಹಾಕಿಸಿಕೊಳ್ಳಬೇಕು. ಇಲ್ಲದಿದ್ದರೆ ಮುಂದಿನ ತಿಂಗಳ ಕಂತು ಮುಂಚೆಯೇ ಬಂತು ಅಂತ ಜಮಾ ಮಾಡಿ ಕೂರುವವರೂ ಇದ್ದಾರೆ.

ಇಷ್ಟೆಲ್ಲ ಗೊಣಗಾಟವೂ ಕಾಗದ ಇದ್ದವರದ್ದು. ಕರೆಂಟಿಗೆಂದು ಕಟ್ಟಿದ ಲಿಂಗನಮಕ್ಕಿ ಅಣೆಕಟ್ಟಿಗೆ ಮನೆ ಮಠ ಮುಳುಗಿಸಿಕೊಂಡ ಶರಾವತಿ ಸಂತ್ರಸ್ತರಲ್ಲಿ ಎಷ್ಟೋ ಕುಟುಂಬಗಳಿಗೆ ಅರವತ್ತು ವರ್ಷ ಕಳೆದರೂ ಕೂತ ನೆಲದ ಹಕ್ಕುಪತ್ರ ಇಲ್ಲ. ಅವರ ಮನೆ ಬ್ಯಾಂಕಿನ ಕಣ್ಣಿಗೆ ಮನೆಯೇ ಅಲ್ಲ, ಅಡವಿಡಲು ಬಾರದ ಗೋಡೆ. ಸರ್ಕಾರಿ ಜಾಗದಲ್ಲಿ ಕಟ್ಟಿಕೊಂಡ ಮನೆ ಸಕ್ರಮ ಮಾಡಿ ಅಂತ 94ಸಿ ಅರ್ಜಿ ಕೊಟ್ಟು ಕಾದವರದ್ದೂ ಅದೇ ಪಾಡು. ಊರಿಗೆಲ್ಲ ಕರೆಂಟು ಕೊಟ್ಟವರು ಮಾಡಿನ ರಿಪೇರಿಗೆ ಸಂಘದ ಸಾಲ ತೆಗೆದು ನೂರಕ್ಕೆ ಇಪ್ಪತ್ತು ದಾಟಿದ ಬಡ್ಡಿ ಕಟ್ಟುತ್ತಿದ್ದಾರೆ, ವಾರ ವಾರ. ರೆಪೋ ದರ ಇಳಿದದ್ದು ಅವರಿಗೆ ಯಾವ ಸುದ್ದಿಯೂ ಅಲ್ಲ. ಇದರಲ್ಲಿ ನಗುವುದಕ್ಕೆ ಏನೂ ಇಲ್ಲ, ನಗಿಸುವ ಉತ್ಸಾಹವೂ ಉಳಿದಿಲ್ಲ.

ಇನ್ನು ಗೃಹಪ್ರವೇಶದ ಕಾರ್ಡಿಗೆ ಬರೋಣ. ಸುಖಾಗಮನ ಬಯಸುವವರು ಅಂತ ಅಜ್ಜ, ಅಜ್ಜಿ, ದೊಡ್ಡಪ್ಪ, ಚಿಕ್ಕಮ್ಮ ಎಲ್ಲರ ಹೆಸರೂ ಇರುತ್ತದೆ. ಮನೆಯ ಮೂಲ ಪತ್ರ ಇಟ್ಟುಕೊಂಡ ಯಜಮಾನರ ಹೆಸರು ಮಾತ್ರ ಇರುವುದಿಲ್ಲ. ಸಾಲ ತೀರಿದ 30 ದಿನದೊಳಗೆ ಅವರು ಪತ್ರ ವಾಪಸ್ ಕೊಡಬೇಕು, ತಪ್ಪು ಅವರದ್ದಾಗಿ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಅಂತ ನಿಯಮ ಇದೆ. ಅಲ್ಲಿಯವರೆಗೆ ಬದುಕಿರಬೇಕು, ಅಷ್ಟೆ.

ಎಂಟೂವರೆಯ ಆ 20 ವರ್ಷದ ಸಾಲದಲ್ಲಿ ಅಸಲಿಗೆ ಬೀಳುವ ಪಾಲು ಬಡ್ಡಿಯ ಪಾಲನ್ನು ಮೊದಲ ಸಲ ದಾಟುವುದು 143ನೇ ಕಂತಿನಲ್ಲಿ. ಹನ್ನೊಂದು ವರ್ಷ ಹನ್ನೊಂದು ತಿಂಗಳು. ಆ ಹೊತ್ತಿಗೆ ಆರ್‌ಸಿಸಿ ಮೇಲಿನ ಶೀಟು ತುಕ್ಕು ಹಿಡಿದಿರುತ್ತದೆ, ಫೋನು ಬರುತ್ತದೆ: "ಸಾರ್, ನಿಮ್ಮ ರೆಕಾರ್ಡ್ ತುಂಬಾ ಚೆನ್ನಾಗಿದೆ. ಟಾಪ್-ಅಪ್ ಲೋನ್ ರೆಡಿ ಇದೆ, ಕಂತು ಅಷ್ಟೇ ಇರುತ್ತೆ, ಅವಧಿ ಸ್ವಲ್ಪ ಅಡ್ಜಸ್ಟ್ ಮಾಡ್ತೀವಿ."