ಯಾರೂ ಇಲ್ಲದ ದಾರಿಗೆ ಸುಂಕದ ಕಟ್ಟೆ ಯಾಕೆ?

ವರ್ಲ್ಡ್ ಆಫ್ ವಾರ್‌ಕ್ರಾಫ್ಟ್ ಎಂಬ ಆನ್‌ಲೈನ್ ಗೇಮ್ ಆಡುವ ನಮ್ಮ ಉಡುಪಿ-ಮಂಗಳೂರಿನ ಚಿಕ್ಕ ಬಳಗದಲ್ಲಿ ಮತ್ತೆ ಅದೇ ಜಗಳ ಎದ್ದಿದೆ. ಗೇಮ್‌ನ ಹಳೆಯ ವಲಯಗಳಲ್ಲಿ ಹಾರುವ ಅನುಮತಿ ಹೊಸಬರಿಗೆ ಇಷ್ಟು ಅಗ್ಗವಾಗಿ ಸಿಗಬಾರದಿತ್ತು, ನಾವು ಪಟ್ಟ ಪಾಡನ್ನು ಅವರೂ ಪಡಬೇಕಿತ್ತು ಎಂದು ಹಳಬರ ವಾದ. ನಾನೂ ಹಳಬನೇ. ಆದರೂ ಈ ವಾದ ನನಗೆ ಒಪ್ಪಿಗೆಯಿಲ್ಲ. ಹೊಸ ವಲಯದಲ್ಲಿ ಹಾರಾಟಕ್ಕೆ ಶರತ್ತು ಇರಲಿ, ಅದಕ್ಕೆ ಕಾರಣವಿದೆ. ಜನ ಬಿಟ್ಟುಹೋದ ವಲಯಕ್ಕೆ ಶರತ್ತು ಹಾಕಿ ಕೂರುವುದು ಶುದ್ಧ ಹಟ.

ಆಡದವರಿಗಾಗಿ ಸ್ವಲ್ಪ ಹಿನ್ನೆಲೆ ಹೇಳುತ್ತೇನೆ. 2004ರಲ್ಲಿ ಬಂದಾಗ ಈ ಗೇಮ್‌ನಲ್ಲಿ ಸ್ವಂತ ಹಾರಾಟ ಎನ್ನುವುದೇ ಇರಲಿಲ್ಲ. ಊರಿಂದೂರಿಗೆ ಗ್ರಿಫನ್ ಪಕ್ಷಿಯ ಮೇಲೆ ಕೂರಿಸಿ ಕಳುಹಿಸುವ ವ್ಯವಸ್ಥೆಯಿತ್ತು. ಆದರೆ ಅದರ ದಾರಿ ನಿಗದಿಯಾದದ್ದು, ನಡುವೆ ಬೇಕೆಂದಲ್ಲಿ ಇಳಿಯುವಂತಿರಲಿಲ್ಲ. ದೂರದ ಊರಿಗೆ ಗ್ರಿಫನ್ ಹತ್ತಿಸಿ ನಾನು ಚಹಾ ಮಾಡಿಕೊಂಡು ಬರುತ್ತಿದ್ದೆ. ಉಳಿದಂತೆ ಕಾಲ್ನಡಿಗೆ, ಹಣ ಕೂಡಿದ ಮೇಲೆ ಕುದುರೆಯೋ ತೋಳವೋ. 2007ರಲ್ಲಿ ಔಟ್‌ಲ್ಯಾಂಡ್ ಎಂಬ ಹೊಸ ಲೋಕ ತೆರೆದಾಗ ಮೊದಲ ಬಾರಿಗೆ ಆಟಗಾರನ ಕೈಗೇ ರೆಕ್ಕೆ ಬಂತು. ಅದೂ 70ನೇ ಲೆವೆಲ್ ತಲುಪಿದ ಮೇಲೆ. ಅದರಲ್ಲಿ ವೇಗದ ಹಾರಾಟ ಕಲಿಯಲು 5000 ಚಿನ್ನದ ನಾಣ್ಯ ಕೊಡಬೇಕಿತ್ತು. ಇಂದು ಅಷ್ಟು ಚಿನ್ನ ಒಂದು ಸಂಜೆಯಲ್ಲಿ ಬರುತ್ತದೆ. ಅಂದು ಗಿಲ್ಡ್‌ನವರಲ್ಲಿ, ಅಂದರೆ ಆಟದ ತಂಡದವರಲ್ಲಿ, ಸಾಲ ಕೇಳುವಷ್ಟು ದೊಡ್ಡ ಮೊತ್ತ. ಮರುವರ್ಷ ಬಂದ ನಾರ್ತ್‌ರೆಂಡ್ ಭೂಖಂಡದಲ್ಲಿ ಚಳಿಗಾಳಿಯಲ್ಲಿ ಹಾರುವ ವಿದ್ಯೆ ಎಂದು ಇನ್ನೊಂದು ಸಾವಿರ ಕಕ್ಕಿಸಿದರು.

ವಿಚಿತ್ರವೆಂದರೆ, ಹೊಸ ಲೋಕಗಳಲ್ಲಿ ಹಾರಾಡಿಕೊಂಡಿದ್ದವರು ಮೂಲ ಭೂಖಂಡಗಳಿಗೆ ಮರಳಿದರೆ ಮತ್ತೆ ನೆಲಕ್ಕೇ ಇಳಿಯಬೇಕಿತ್ತು. ಅಲ್ಲಿ ಹಾರಾಟ ಬಂದದ್ದು 2010ರ ಡಿಸೆಂಬರ್‌ನಲ್ಲಿ, ಕ್ಯಾಟಕ್ಲಿಸಂ ಎಂಬ ವಿಸ್ತರಣೆ ಬಂದ ಮೇಲೆ. ಕಂಪನಿಯ ಜಿಪುಣತನ ಇದಕ್ಕೆ ಕಾರಣವಲ್ಲ. ಆ ಭೂಖಂಡಗಳನ್ನು ಕಟ್ಟಿದ್ದೇ ನೆಲದ ಮೇಲೆ ನಿಂತು ನೋಡುವ ಕಣ್ಣಿಗಾಗಿ. ಬೆಟ್ಟದ ಆಚೆ ಬದಿ ಯಾರಿಗೂ ಕಾಣುವುದಿಲ್ಲ ಎಂದಮೇಲೆ ಆಚೆ ಬದಿಯನ್ನು ಯಾರಾದರೂ ಯಾಕೆ ಮಾಡುತ್ತಾರೆ? ಕೆಲವು ಕಟ್ಟಡಗಳಿಗೆ ಹಿಂಭಾಗವಿರಲಿಲ್ಲ, ಎರಡು ವಲಯಗಳ ನಡುವಿನ ಪರ್ವತಗಳ ಹಿಂದೆ ಬರಿಯ ಚಪ್ಪಟೆ ಬಯಲು. ಹಾರಲು ಬಿಡಬೇಕಾದರೆ ಎರಡೂ ಭೂಖಂಡಗಳನ್ನು ಮೇಲಿನಿಂದ ನೋಡುವವನಿಗಾಗಿ ಮತ್ತೆ ಕಟ್ಟಬೇಕಿತ್ತು. ಡೆತ್‌ವಿಂಗ್ ಎಂಬ ಮಹಾಸರ್ಪ ನೆಲ ಸೀಳಿಕೊಂಡು ಬಂದ ಕತೆಯನ್ನು ನೆಪ ಮಾಡಿಕೊಂಡು ಹಾಗೆ ಕಟ್ಟಿದರು ಕೂಡ. ಆಮೇಲೆ 250 ಚಿನ್ನ ಕೊಟ್ಟರೆ ಪರವಾನಗಿ. ಬ್ಲಡ್ ಎಲ್ಫ್ ಜನಾಂಗದ ಸಿಲ್ವರ್‌ಮೂನ್ ನಗರ, ಅದರ ಸುತ್ತಲಿನ ಕಾಡಿನಂಥ ಕೆಲವು ಜಾಗಗಳು ಆ ನವೀಕರಣದಿಂದ ಹೊರಗೇ ಉಳಿದವು. ಅವು 2007ರಲ್ಲಿ ಬಂದವು, ಗೇಮ್‌ನ ಒಳಗೆ ಅವು ಕುಳಿತದ್ದು ಔಟ್‌ಲ್ಯಾಂಡ್‌ನ ನಕಾಶೆಯ ಜೊತೆಗೆ.

ಇಷ್ಟನ್ನು ಯಾಕೆ ಹೇಳಿದೆನೆಂದರೆ, ಹಾರಾಟದ ಬೀಗಗಳೆಲ್ಲ ಒಂದೇ ಬಗೆಯವಲ್ಲ. ಮೂಲ ಭೂಖಂಡಗಳಲ್ಲಿ 2010ರವರೆಗೆ ಇದ್ದದ್ದು ನಿಜವಾದ ಅಡ್ಡಿ. ಆಕಾಶವೇ ಸಿದ್ಧವಿರಲಿಲ್ಲ. ಮುಂದೆ ಬಂದವು ಬೇಕೆಂದೇ ಹಾಕಿದ ಬೀಗಗಳು.

2014ರ ನವೆಂಬರ್‌ನಲ್ಲಿ ಡ್ರೇನಾರ್ ಎಂಬ ಇನ್ನೊಂದು ಲೋಕ ತೆರೆಯಿತು, ಹಾರಾಟವಿಲ್ಲದೆ. ಮರುವರ್ಷದ ಮೇ ತಿಂಗಳಲ್ಲಿ ಅಭಿವೃದ್ಧಿ ತಂಡದವರು, ಇಲ್ಲಿ ಮಾತ್ರವಲ್ಲ, ಮುಂದಿನ ಭೂಖಂಡಗಳಲ್ಲೂ ಹಾರಾಟ ಇರುವುದಿಲ್ಲ ಎನ್ನುವ ಅರ್ಥದ ಮಾತಾಡಿದರು. ಆಟಗಾರರು ಸಿಡಿದೆದ್ದರು. ಜೂನ್‌ನಲ್ಲೇ ರಾಜಿಸೂತ್ರ ಹೊರಬಿತ್ತು, ಹೆಸರು ಪಾತ್‌ಫೈಂಡರ್. ಇಡೀ ಡ್ರೇನಾರ್ ಸುತ್ತಬೇಕು, ನೂರು ನಿಧಿ ಹುಡುಕಬೇಕು, ಎಲ್ಲ ವಲಯಗಳ ಮುಖ್ಯ ಕತೆ ಮುಗಿಸಬೇಕು, ದಿನದಿನದ ಕಾರ್ಯಾಚರಣೆಗಳನ್ನು ಪೂರೈಸಬೇಕು, ಟನಾನ್ ಕಾಡಿನ ಮೂರು ಬಣಗಳ ವಿಶ್ವಾಸ ಗಳಿಸಬೇಕು. ಇಷ್ಟು ಮಾಡಿದವನ ಅಕೌಂಟ್‌ಗೆ ಸೆಪ್ಟೆಂಬರ್‌ನಿಂದ ಹಾರಾಟ. ಆ ಮೂರು ಬಣಗಳಲ್ಲಿ ಸೇಬರ್‌ಸ್ಟಾಕರ್ಸ್ ಎಂಬ ಒಂದಿತ್ತು. ಫ್ಯಾಂಗ್ರಿಲಾ ಎಂಬಲ್ಲಿ ನಿಂತು ಕೋರೆಹಲ್ಲಿನ ಹುಲಿಮನುಷ್ಯರನ್ನು ಕೊಂದದ್ದೇ ಕೊಂದದ್ದು. ಅದನ್ನು ಕತೆ ಎಂದು ಯಾರೂ ಕರೆಯಲಾರರು, ಕೂಲಿ ಎನ್ನಬಹುದು.

ಆದರೂ ಆಗ ಆ ಶರತ್ತು ನನಗೆ ತಪ್ಪೆನಿಸಿರಲಿಲ್ಲ. ಮುಖ್ಯ ವಿಷಯ ಇಲ್ಲಿದೆ. ಟನಾನ್‌ನಲ್ಲಿ ನೆಲದ ಮೇಲೆ ಓಡಾಡುವಾಗ ಜನ ಸಿಗುತ್ತಿದ್ದರು. ಡೂಮ್‌ರೋಲರ್ ಎಂಬ ಉಕ್ಕಿನ ರಥ ಬಂದಿದೆ ಎಂದು ಯಾರೋ ಕೂಗು ಹಾಕಿದರೆ ನಾಲ್ಕು ದಿಕ್ಕಿನಿಂದ ಗುರುತಿಲ್ಲದವರು ಓಡಿ ಬರುತ್ತಿದ್ದರು. ಐದು ನಿಮಿಷದ ಸ್ನೇಹ, ಆಮೇಲೆ ಅವರವರ ದಾರಿ. ಉಡುಪಿಯ ಮಳೆಗಾಲದಲ್ಲಿ ಕರೆಂಟು ಯಾವಾಗ ಕೈಕೊಡುತ್ತದೋ ಎಂಬ ಭಯ, ಸರ್ವರ್ ಇರುವುದು ಯುರೋಪಿನಲ್ಲಾದ್ದರಿಂದ ನಾನು ಕತ್ತಿ ಬೀಸಿ ಒಂದು ಕ್ಷಣ ಕಳೆದ ಮೇಲೆ ಅದು ತಗಲುವ ಅವಸ್ಥೆ. ಅಂಥವನನ್ನೂ ಯಾರೋ ಸ್ವೀಡನ್ನಿನವನು ಕಂದಕದಿಂದ ಎತ್ತಿ ಬದುಕಿಸಿ ಹೋಗುತ್ತಿದ್ದ. ಹಾರಾಟ ಇದ್ದಿದ್ದರೆ ಇದು ಇರುತ್ತಿರಲಿಲ್ಲ. ಹಾರುವವನು ಗುರಿಯ ನೆತ್ತಿಯ ಮೇಲೆ ಇಳಿಯುತ್ತಾನೆ, ಕೆಲಸ ಮುಗಿಸಿ ಏಳುತ್ತಾನೆ, ಪಕ್ಕದಲ್ಲಿ ಸಾಯುತ್ತಿರುವವನು ಅವನಿಗೆ ಕಾಣುವುದಿಲ್ಲ. ಹಾರಾಟ ಬಂದ ಮೇಲೆ ರಸ್ತೆಗಳು ಸತ್ತವು ಎಂದು ಹಳಬರು ಹೇಳುವುದು ಈ ಮಟ್ಟಿಗೆ ಪೂರ್ತಿ ನಿಜ. 2019ರಲ್ಲಿ ಹಾರಾಟವೇ ಇಲ್ಲದ ಹಳೆಯ ಆವೃತ್ತಿಯನ್ನು ಕ್ಲಾಸಿಕ್ ಹೆಸರಿನಲ್ಲಿ ಮತ್ತೆ ತೆರೆದಾಗ ಜನ ಸಾಲುಗಟ್ಟಿ ಬಂದದ್ದಕ್ಕೂ ಇದು ಒಂದು ಕಾರಣವೆಂದು ನಾನು ನಂಬಿದ್ದೇನೆ.

ಆದರೆ ಗಮನಿಸಿ, ಆ ಸುಖ ಕೊಟ್ಟದ್ದು ನಡಿಗೆಯಲ್ಲ. ಜೊತೆಗೆ ನಡೆಯುತ್ತಿದ್ದವರು. ಈಗ ಡ್ರೇನಾರ್‌ಗೆ ಹೋಗಿ ನೋಡಿ. ಒಂದು ಪಿಳ್ಳೆಯೂ ಇಲ್ಲ. ಆ ಡೂಮ್‌ರೋಲರ್ ಇಂದಿನ ಲೆವೆಲ್‌ನವನ ಒಂದು ಏಟಿಗೆ ಸಾಕಾಗುವುದಿಲ್ಲ. ಅಂಥ ಕಡೆ ಹೊಸಬನೊಬ್ಬನನ್ನು ನೂರು ನಿಧಿ ಹುಡುಕು, ಹುಲಿ ಕೊಲ್ಲು, ಆಮೇಲೆ ರೆಕ್ಕೆ ಕೊಡುತ್ತೇವೆ ಎಂದು ಓಡಾಡಿಸಿದರೆ ಅವನಿಗೆ ಸಿಗುವುದು ಏನು? ಸುರತ್ಕಲ್ಲಿನ ಟೋಲ್‌ಗೇಟ್ ನೆನಪಿರಬೇಕು. ತಾತ್ಕಾಲಿಕ ಎಂದು ಶುರುವಾದದ್ದು ವರ್ಷಗಟ್ಟಲೆ ಉಳಿದು, ಹೋರಾಟಗಳ ಬಳಿಕ 2022ರ ಡಿಸೆಂಬರ್ 1ರಿಂದ ವಸೂಲಿ ನಿಂತಿತು. ಆ ದಿನ, ಇಷ್ಟು ವರ್ಷ ನಾನು ಕೊಟ್ಟಿದ್ದೇನೆ, ಆದ್ದರಿಂದ ಇನ್ನು ಮುಂದೆ ಬರುವವರೂ ಕೊಡಲಿ, ಗೇಟು ತೆಗೆಯಬೇಡಿ ಎಂದು ಧರಣಿ ಕೂತವರನ್ನು ನಾನಂತೂ ಕಾಣಲಿಲ್ಲ. ನಮ್ಮ ಬಳಗದ ಹಳಬರು ಈಗ ಕೂತಿರುವುದು ಅಂಥ ಧರಣಿಗೆ. ಅವರ ಎದುರು ವಾದಿಸುವುದು ಸುಂಕದವನ ಮುಂದೆ ಸುಖದುಃಖ ಹೇಳಿಕೊಂಡ ಹಾಗೆಯೇ ಸರಿ.

ಪುಣ್ಯಕ್ಕೆ ಕಂಪನಿಗೆ ಇದು ಅರ್ಥವಾದಂತಿದೆ. ಹಳೆಯ ಭೂಖಂಡಗಳ ಪಾತ್‌ಫೈಂಡರ್ ಶರತ್ತುಗಳು ಬರುಬರುತ್ತಾ ಸಡಿಲವಾದವು. 2022ರಲ್ಲಿ ಡ್ರ್ಯಾಗನ್‌ಫ್ಲೈಟ್ ಎಂಬ ವಿಸ್ತರಣೆ ತಂದ ಹೊಸ ಬಗೆಯ ಹಾರಾಟ, ಅಂದರೆ ಇಳಿಜಾರಿನಲ್ಲಿ ವೇಗ ಹಿಡಿದು ಗಾಳಿಯಲ್ಲಿ ತೇಲುವುದು, 2024ರ ಜನವರಿಯಲ್ಲಿ ಹಳೆಯ ವಲಯಗಳಿಗೂ ಬಂತು. ಹಳೆಯ ಹಾರಾಟದ ಎರಡು ಪಟ್ಟಿಗೂ ಹೆಚ್ಚು ವೇಗ ಅದಕ್ಕೆ. ಒಂದೇ ಜಾಗದಲ್ಲಿ ಗಾಳಿಯಲ್ಲಿ ನಿಲ್ಲಬಲ್ಲ ಹಳೆಯ ಬಗೆಯ ಹಾರಾಟಕ್ಕೆ ಹೊಸ ಭೂಖಂಡದಲ್ಲಿ ಮಾತ್ರ ಪಾತ್‌ಫೈಂಡರ್ ಉಳಿಸಿಕೊಂಡರು. ಖಾಜ್ ಅಲ್ಗಾರ್ ಎಂಬ ಭೂಖಂಡದಲ್ಲಿ ಹಾಗೆಯೇ ಆಯಿತು. ನನ್ನ ಪ್ರಕಾರ ಸರಿಯಾದ ಕ್ರಮ.

ಹಾರುತ್ತಾ ಹೋದವನು ಲೋಕವನ್ನು ನೋಡುವುದೇ ಇಲ್ಲ ಎಂಬ ಇನ್ನೊಂದು ಆಕ್ಷೇಪವಿದೆ. ಇದಕ್ಕೆ ನನ್ನ ಬಳಿ ಇರುವ ಸಾಕ್ಷಿ ಮಣಿಪಾಲದಲ್ಲಿ ಓದುತ್ತಿರುವ ಅಕ್ಕನ ಮಗ. ಅವನು ಆಟಕ್ಕೆ ಬಂದದ್ದೇ ರೆಕ್ಕೆ ಅಗ್ಗವಾದ ಮೇಲೆ. ಒಂದು ದಿನ ಥೌಸಂಡ್ ನೀಡಲ್ಸ್ ಎಂಬ ವಲಯದ ಮೇಲೆ ಹಾರುತ್ತಿದ್ದವನು ಫೋನ್ ಮಾಡಿ, "ಮಾವ, ಇಲ್ಲಿ ನೀರಿನ ನಡುವೆ ಕಲ್ಲಿನ ಕಂಬಗಳ ತುದಿ ಮಾತ್ರ ಕಾಣುತ್ತಿದೆ, ಕೆಳಗೆ ಏನಿದೆ?" ಎಂದು ಕೇಳಿದ. ಅದು 2010ರವರೆಗೆ ಒಣ ಕಣಿವೆಯಾಗಿತ್ತು, ಆ ಕಂಬಗಳ ಬುಡದಲ್ಲಿ ನಾವು ಓಡಾಡುತ್ತಿದ್ದೆವು, ಅದರ ತುದಿಯ ಉಪ್ಪುಬಯಲಿನಲ್ಲಿ ನೋಮ್‌ಗಳೂ ಗಾಬ್ಲಿನ್‌ಗಳೂ ರೇಸ್ ಬಂಡಿ ಓಡಿಸುತ್ತಿದ್ದರು, ಕ್ಯಾಟಕ್ಲಿಸಂನಲ್ಲಿ ಸಮುದ್ರ ನುಗ್ಗಿ ಎಲ್ಲ ಮುಳುಗಿತು ಎಂದೆ. "ಹಾಗಾದರೆ ಆ ಓಟದ ಹಾದಿ ಈಗಲೂ ನೀರಿನ ಅಡಿಯಲ್ಲಿ ಇದೆಯೇ?" ಎಂದವನು ಫೋನ್ ಇಟ್ಟು ಮುಳುಗಿಯೇಬಿಟ್ಟ. ಕುತೂಹಲ ಇರುವವನು ಎಲ್ಲಿಂದ ನೋಡಿದರೂ ಇಳಿಯುತ್ತಾನೆ. ಇಲ್ಲದವನನ್ನು ನೂರು ಮೈಲಿ ನಡೆಸಿದರೂ ಅವನು ನೋಡುವುದು ನಕಾಶೆಯ ಮೇಲಿನ ಬಾಣದ ಗುರುತನ್ನು ಮಾತ್ರ.

ಹಳಬರ ಶ್ರಮಕ್ಕೆ ಬೆಲೆಯೇ ಇಲ್ಲವೇ ಎಂದರೆ, ಇದೆ. ಡ್ರೇನಾರ್ ಪಾತ್‌ಫೈಂಡರ್ ಮುಗಿಸಿದವರಿಗೆ ಸೋರಿಂಗ್ ಸ್ಕೈಟೆರರ್ ಎಂಬ ಎರಡು ತಲೆಯ ಹಾರುಮೃಗ ಬಹುಮಾನವಾಗಿ ಸಿಕ್ಕಿತು. ಅದನ್ನು ಯಾರೂ ಕಿತ್ತುಕೊಂಡಿಲ್ಲ. ನೆಲದ ಮೇಲೆ ನಡೆದು ಎಲ್ಲವನ್ನೂ ನೋಡಿದವರಿಗೆ ಇಂಥ ಬಹುಮಾನ ಇನ್ನಷ್ಟು ಕೊಡಲಿ, ಬಿರುದು ಕೊಡಲಿ, ಹೆಸರಿನ ಮುಂದೆ ಹಾಕಿಕೊಂಡು ಮೆರೆಯೋಣ. ಇನ್ನೊಬ್ಬನ ಕಾಲಿಗೆ ಸರಪಳಿ ಇದ್ದರೆ ಮಾತ್ರ ನನ್ನ ರೆಕ್ಕೆಗೆ ಬೆಲೆ ಎನ್ನುವ ಲೆಕ್ಕ ನನಗೆ ಹಿಡಿಸುವುದಿಲ್ಲ.

ಹಾಗೆಂದು ಎಲ್ಲ ಕಡೆಯೂ ಆಕಾಶ ತೆರೆಯಲಿ ಎನ್ನುವವರ ಪಂಗಡಕ್ಕೂ ನನ್ನನ್ನು ಸೇರಿಸಬೇಡಿ. 2013ರಲ್ಲಿ ಬಂದ ಟೈಮ್‌ಲೆಸ್ ಐಲ್ ದ್ವೀಪವನ್ನು ರೂಪಿಸಿದ್ದೇ ಹಾರಾಟವಿಲ್ಲದೆ. ಅಲ್ಲಿ ಎತ್ತರದ ಜಾಗಗಳಿಗೆ ಹೋಗಬೇಕಾದರೆ ದೊಡ್ಡ ಕಡಲಹಕ್ಕಿಯೊಂದನ್ನು ಕೆಣಕಬೇಕು, ಅದು ನಿಮ್ಮನ್ನು ಎತ್ತಿಕೊಂಡು ಹೋಗುವಾಗ ಸರಿಯಾದ ಕ್ಷಣ ನೋಡಿ ಬೀಳಬೇಕು. ಒಬ್ಬನೇ ಹೋದರೂ ಅದು ಆಟವೇ. ಅಲ್ಲಿಗೆ ರೆಕ್ಕೆ ತಂದರೆ ಆ ಹಕ್ಕಿಗೆ ಮಾಡಲು ಕೆಲಸವೇ ಉಳಿಯುವುದಿಲ್ಲ. ಅಂಥ ಜಾಗಗಳ ಪಟ್ಟಿ ಮಾಡೋಣವೆಂದರೆ ನಾನು ಸಿದ್ಧ. ಡ್ರೇನಾರ್ ಆ ಪಟ್ಟಿಯಲ್ಲಿ ಇರುವುದಿಲ್ಲ.