ಲೆವಿ ಸೆಲೆರಿಯೊ ಬರೆದ ಜೋಗುಳ

ಲೆವಿ ಸೆಲೆರಿಯೊ ಅಂದ ತಕ್ಷಣ ಎಲ್ಲರೂ ಹೇಳುವುದು ಎಲೆಯ ಕಥೆ. ಗಿಡದಿಂದ ಕಿತ್ತ ಒಂದು ಎಲೆಯನ್ನು ತುಟಿಗಿಟ್ಟು ಇಡೀ ಹಾಡನ್ನೇ ನುಡಿಸುತ್ತಿದ್ದರು. ಅಮೆರಿಕದ ಟಿವಿಯವರು ಕರೆಸಿಕೊಂಡರು, ಗಿನ್ನೆಸ್ ಪುಸ್ತಕದಲ್ಲಿ ಹೆಸರು ಬಂತು. ಅದೆಲ್ಲ ಸರಿ. ಆದರೆ ಫಿಲಿಪೀನ್ಸಿನ ಈ ಮನುಷ್ಯನನ್ನು ಬರೀ ಎಲೆ ಊದುವ ತಾತ ಅಂತ ನೆನಪಿಟ್ಟುಕೊಂಡರೆ ನನಗೆ ನಿಜವಾಗಲೂ ಸಂಕಟ ಆಗುತ್ತದೆ, ಯಾಕೆಂದರೆ ಅವರು ಬರೆದ ಹಾಡುಗಳ ಲೆಕ್ಕವೇ 4,000 ದಾಟುತ್ತದೆ ಅನ್ನುತ್ತಾರೆ.

ಹುಟ್ಟಿದ್ದು 1910ರಲ್ಲಿ, ಮನಿಲಾದ ಟೊಂಡೊದಲ್ಲಿ. ಬಡವರೇ ಜಾಸ್ತಿ ಇರುವ ಜಾಗ. ಪಿಟೀಲು ಕಲಿತು, ಚಿಕ್ಕ ವಯಸ್ಸಿಗೇ ಮನಿಲಾ ಸಿಂಫನಿ ಆರ್ಕೆಸ್ಟ್ರಾ ಸೇರಿದರು. ಆಮೇಲೆ ಮರದಿಂದ ಬಿದ್ದು ಮಣಿಕಟ್ಟು ಮುರಿಯಿತು. ಪಿಟೀಲು ಅಲ್ಲಿಗೆ ನಿಂತಿತು.

ನಂತರ ಹಿಡಿದದ್ದು ಮಾತನ್ನು. ಬೇರೆಯವರ ಟ್ಯೂನಿಗೆ ಸಾಹಿತ್ಯ ಬರೆಯುವುದು, ಸಿನಿಮಾಗಳಿಗೂ ಬರೆಯುವುದು. ಟ್ಯೂನಿಗೆ ಬರೆಯುವುದು ಸುಮ್ನೆ ಅಕ್ಷರ ತುಂಬುವ ಕೆಲಸ ಅಲ್ಲ, ಅಲ್ವಾ? ರಾಗ ಎಲ್ಲಿ ಎಳೆಯುತ್ತದೋ ಅಲ್ಲಿ ಎಳೆಯಲು ಬರುವ ಮಾತೇ ಕೂರಬೇಕು. ಪಿಟೀಲು ಹಿಡಿದಿದ್ದ ಕಿವಿಗೆ ಅದು ಗೊತ್ತಿತ್ತು ಅಂತ ನನ್ನ ನಂಬಿಕೆ. ಲೂಸಿಯೊ ಸಾನ್ ಪೆಡ್ರೊ ಅವರ ಒಂದು ಜೋಗುಳದ ಟ್ಯೂನಿಗೆ ಇವರು ಬರೆದದ್ದು 'ಸಾ ಉಗೊಯ್ ನಂಗ್ ದುಯಾನ್', ಅಂದರೆ ತೊಟ್ಟಿಲ ತೂಗಾಟದಲ್ಲಿ. ಮಗುವನ್ನು ಮಲಗು ಅಂತ ಕರೆಯುವ ಹಾಡಲ್ಲ ಅದು. ಬೆಳೆದು ದೊಡ್ಡವನಾದವನು ಅಮ್ಮ ತೂಗುತ್ತಿದ್ದ ಆ ತೊಟ್ಟಿಲು ಮತ್ತೆ ಬೇಕು ಅಂತ ಹಂಬಲಿಸುವ ಹಾಡು. ಭಾಷೆ ಬರದಿದ್ದರೂ ನನಗೆ ಗಂಟಲು ಕಟ್ಟಿತು.

ಒಂದು ವಿಷಯ ಮಾತ್ರ ನನ್ನನ್ನು ಕಾಡುತ್ತದೆ. ಅವರ ಹೆಸರಿನಲ್ಲೇ ಓಡಾಡುವ ಕ್ರಿಸ್‌ಮಸ್ ಹಾಡು 'ಆಂಗ್ ಪಾಸ್ಕೊ ಆಯ್ ಸುಮಾಪಿತ್' ಮೂಲದಲ್ಲಿ ಫಿಲಿಪೀನ್ಸಿನದೇ ಇನ್ನೊಂದು ದ್ವೀಪವಾದ ಸೆಬುವಿನದು. 1933ರಲ್ಲಿ ವಿಸೆಂಟೆ ರೂಬಿ ರಾಗ ಹಾಕಿದ್ದರು, ಮರಿಯಾನೊ ವೆಸ್ಟಿಲ್ ಸೆಬುವಾನೊ ಭಾಷೆಯಲ್ಲಿ ಬರೆದಿದ್ದರು. ಸೆಲೆರಿಯೊ ಬರೆದದ್ದು ಮನಿಲಾ ಕಡೆಯ ಭಾಷೆಯಾದ ಟಗಾಲೊಗ್‌ನ ಸಾಹಿತ್ಯ. ಅವರ ಮೇಲಿನ ಪ್ರೀತಿಗೆ ಆ ಇಬ್ಬರ ಹೆಸರು ಬಿಟ್ಟುಬಿಡುವುದು ನನಗೆ ಒಪ್ಪಿಗೆ ಇಲ್ಲ.

1997ರಲ್ಲಿ ದೇಶ ಅವರನ್ನು ರಾಷ್ಟ್ರೀಯ ಕಲಾವಿದ ಅಂತ ಘೋಷಿಸಿತು, ಸಂಗೀತ ಮತ್ತು ಸಾಹಿತ್ಯ ಎರಡಕ್ಕೂ ಸೇರಿಸಿ. ಆಗ ಅವರಿಗೆ 87. ಎಷ್ಟು ತಡ ನೋಡಿ! ತೀರಿಕೊಂಡದ್ದು 2002ರ ಏಪ್ರಿಲ್ 2ರಂದು. ಅದಕ್ಕೆ ನಾಲ್ಕು ದಿನ ಮೊದಲು ನಟ ರಿಕೊ ಯಾನ್ ಹೋಗಿಬಿಟ್ಟಿದ್ದರು, ಇಡೀ ದೇಶ ಆ ದುಃಖದಲ್ಲಿ ಮುಳುಗಿತ್ತು, ಸೆಲೆರಿಯೊ ಹೋದದ್ದು ಹೆಚ್ಚಿನವರ ಗಮನಕ್ಕೇ ಬರಲಿಲ್ಲ. ಅತ್ತವರ ಮೇಲೆ ನನಗೆ ಕೋಪ ಇಲ್ಲ. 27ರ ಹುಡುಗ ಹೋದರೆ ಯಾರಿಗೆ ಅಳು ಬರುವುದಿಲ್ಲ? ಆದರೆ ಅವರಲ್ಲಿ ಎಷ್ಟೋ ಜನ ಚಿಕ್ಕವರಿದ್ದಾಗ ಅದೇ ಜೋಗುಳ ಕೇಳುತ್ತ ಮಲಗಿದ್ದವರು.